ಒಂದು ಹಾಜರಿಗೆ ಹನ್ನೆರಡು ತಾಸು?

ನಮ್ಮ ಗದಗ ಸೀಮೆಯಲ್ಲಿ ಜಿನ್ನಿಂಗ್ ಫ್ಯಾಕ್ಟರಿ, ಎಣ್ಣೆ ಗಿರಣಿ, ಪ್ರಿಂಟಿಂಗ್ ಪ್ರೆಸ್ಸು, ಪವರ್‌ಲೂಮು, ಪೆಟ್ರೋಲ್ ಬಂಕು, ಎಲ್ಲಿ ಹೋಗಿ ಕೇಳಿದರೂ ಓಟಿಯ (ಓವರ್‌ಟೈಮ್, ಎಂದರೆ ಹೆಚ್ಚಿನ ತಾಸಿನ ದುಡಿಮೆಯ) ಬಗ್ಗೆ ಬರುವ ಉತ್ತರ ಒಂದೇ. "ಏ ಬಿಡೋ ತಮ್ಮಾ, ತಾಸು ಎಣಿಸ್ಕೋಂತ ಕುಂತ್ರ ದಂಧೆ ನಡೀತೈತೇನು? ಮಾಲಕ್ರು ಮ್ಯಾಲ ಒಂದು ನೂರು ಕೊಡ್ತಾರಲ್ಲ, ಸಾಕು ಬಿಡು." ಇದನ್ನು ಮಾಲಕ ಒಬ್ಬನೇ ಹೇಳಿದರೆ ಅಚ್ಚರಿಯಿಲ್ಲ. ಮುಕಾದಮ ಹೇಳುತ್ತಾನೆ, ಲೆಕ್ಕ ಬರೆಯುವ ದಿವಾನಜಿ ಹೇಳುತ್ತಾನೆ, ಕಟ್ಟೆಯ ಮೇಲೆ ಕುಳಿತ ಹಿರಿಯರು ಹೇಳುತ್ತಾರೆ. ಕುರ್ತಕೋಟಿ, ಹುಲಕೋಟಿ ಕಡೆಯಿಂದ ಮುಂಜಾನೆ ಬುತ್ತಿ ಕಟ್ಟಿಕೊಂಡು ಗದಗ-ಬೆಟಗೇರಿಯ ಬಸ್ಸು ಹತ್ತಿ, ರಾತ್ರಿ ವಸ್ತಿ ಬಸ್ಸಿಗೆ ಬಂದು ಇಳಿಯುವ ಹುಡುಗನೂ ಹಾಗೆಯೇ ಹೇಳಲು ಕಲಿತಿದ್ದಾನೆ. ದುಡಿಯುವವನ ಬಾಯಿಂದಲೇ ಈ ಮಾತು ಬರುವಷ್ಟು ಅದು ನಮ್ಮಲ್ಲಿ ಬೇರು ಬಿಟ್ಟಿದೆ.

ಈ ಮಾತು ಪೂರ್ತಿ ತಪ್ಪು. ಹೆಚ್ಚಿನ ತಾಸಿಗೆ ಸಿಗಬೇಕಾದ ದುಪ್ಪಟ್ಟು ಪಗಾರ ಮಾಲಕನ ದೊಡ್ಡಸ್ತಿಕೆಯಿಂದ ಬರುವ ಬಕ್ಷೀಸಲ್ಲ. ದುಡಿದವನಿಗೆ ಸಲ್ಲಬೇಕಾದ ಬಾಕಿ. ಇನ್ನೂ ಮುಖ್ಯವಾದ ಸಂಗತಿ, ಮನುಷ್ಯನನ್ನು ಇಂತಿಷ್ಟಕ್ಕಿಂತ ಹೆಚ್ಚು ಹೊತ್ತು ದುಡಿಸುವುದು ಮಾಲಕನಿಗೆ ತುಟ್ಟಿಯಾಗಲಿ, ತುಟ್ಟಿಯಾದರೆ ಅವನು ಇನ್ನೊಬ್ಬನನ್ನು ಕೆಲಸಕ್ಕೆ ಕರೆಯಲಿ ಎಂಬ ಉದ್ದೇಶದಿಂದಲೇ ಈ ದರವನ್ನು ಇಟ್ಟಿದ್ದಾರೆ. ಅದನ್ನು "ಮ್ಯಾಲ ಒಂದು ನೂರು" ಎಂದು ಮುಗಿಸಿಬಿಟ್ಟರೆ ಒಬ್ಬನ ಪಗಾರವೂ ಹೋಗುತ್ತದೆ, ಇನ್ನೊಬ್ಬನ ಕೆಲಸವೂ ಹೋಗುತ್ತದೆ. ಈ ಎರಡು ನಷ್ಟಗಳ ಲೆಕ್ಕವನ್ನು ಊರ ಮುಂದೆ ಇಡಬೇಕೆಂದೇ ಈ ಲೇಖನ.

ಮೊದಲು ಹಾಜರಿ ಪುಸ್ತಕವನ್ನು ನೋಡೋಣ. ಉದ್ದ ಹಾಳೆ, ಎಡಕ್ಕೆ ಹೆಸರು, ಬಲಕ್ಕೆ 1ರಿಂದ 31ರವರೆಗೆ ಸಣ್ಣ ಮನೆಗಳು. ಬಂದವನ ಮನೆಯಲ್ಲಿ 'ಪಿ', ಖಾಡೆ ಮಾಡಿದವನ ಮನೆಯಲ್ಲಿ 'ಎ'. ತಿಂಗಳ ಕೊನೆಗೆ ಪಿಗಳನ್ನು ಕೂಡಿಸಿ ತುದಿಯಲ್ಲಿ 26 ಅಂತ ಬರೆದರೆ ಲೆಕ್ಕ ಮುಗಿಯಿತು. ಎಂಟು ತಾಸು ನಿಂತವನಿಗೂ ಒಂದು ಪಿ, ಹನ್ನೆರಡು ತಾಸು ನಿಂತವನಿಗೂ ಒಂದೇ ಪಿ. ಎಷ್ಟು ಗಂಟೆಗೆ ಬಂದ, ಎಷ್ಟು ಗಂಟೆಗೆ ಹೋದ ಎಂಬುದಕ್ಕೆ ಆ ಹಾಳೆಯಲ್ಲಿ ಜಾಗವೇ ಇರುವುದಿಲ್ಲ. ಓಟಿಯ ಅನ್ಯಾಯ ಶುರುವಾಗುವುದು ಇಲ್ಲಿಂದ. ಬಟವಡೆಯ ದಿನ ನಡೆಯುವ ಜಗಳವೆಲ್ಲ ಆಮೇಲಿನದು. ಬರೆಯದ ತಾಸನ್ನು ಕೇಳುವುದು ಹೇಗೆ? ಕೇಳಿದರೂ ಸಾಬೀತು ಮಾಡುವುದು ಹೇಗೆ? ದಿನವನ್ನು ಎಣಿಸಿ ತಾಸನ್ನು ಬಿಟ್ಟುಬಿಡುವ ಈ ಪದ್ಧತಿ ಮರೆವಿನಿಂದ ಹುಟ್ಟಿದ್ದಲ್ಲ. ಅದರಿಂದ ಲಾಭ ಪಡೆಯುವವರು ಅದನ್ನು ಉಳಿಸಿಕೊಂಡಿದ್ದಾರೆ.

ಲೆಕ್ಕ ತೊಡಕಿನದು, ಓದು ಬಾರದವರಿಗೆ ತಿಳಿಯುವಂಥದ್ದಲ್ಲ ಎಂಬುದು ಎರಡನೆಯ ನೆಪ. ಸಂತೆಯಲ್ಲಿ ಉಳ್ಳಾಗಡ್ಡಿಯ ಚೀಲದ ರೇಟು, ಹಮಾಲಿ, ಕಮಿಷನ್ನು ಎಲ್ಲವನ್ನೂ ಬೆರಳಿನ ಮೇಲೆ ಕಳೆದು ಕೂಡಿಸುವ ಜನಕ್ಕೆ ಇದು ತೊಡಕಿನ ಲೆಕ್ಕವೇನಲ್ಲ. ಸರಳವಾಗಲೆಂದು ಒಬ್ಬನ ತಿಂಗಳ ಪಗಾರ 13,000 ರೂಪಾಯಿ ಎಂದು ಇಟ್ಟುಕೊಳ್ಳೋಣ. ವಾರದ ಸೂಟಿ ಕಳೆದರೆ ತಿಂಗಳಿಗೆ 26 ದಿನ. 13,000ವನ್ನು 26ರಿಂದ ಭಾಗಿಸಿದರೆ ದಿನಕ್ಕೆ 500. ಅದನ್ನು ಎಂಟು ತಾಸಿಗೆ ಹಂಚಿದರೆ ತಾಸಿಗೆ 62 ರೂಪಾಯಿ 50 ಪೈಸೆ. ದುಪ್ಪಟ್ಟು ಮಾಡಿದರೆ 125. ಹೆಚ್ಚಿನ ಪ್ರತಿ ತಾಸಿಗೆ ಅವನಿಗೆ ಬರಬೇಕಾದದ್ದು ಇಷ್ಟು.

ಇನ್ನು ತಾಸುಗಳು. ಹನ್ನೆರಡು ತಾಸಿನ ಪಾಳಿಯಲ್ಲಿ ಊಟ, ಚಹಾಕ್ಕೆಂದು ಒಂದು ತಾಸು ಬಿಟ್ಟರೆ ಹನ್ನೊಂದು ತಾಸಿನ ದುಡಿಮೆ. ವಾರಕ್ಕೆ ಆರು ದಿನ ಎಂದರೆ 66 ತಾಸು. 1948ರ ಕಾರ್ಖಾನೆ ಕಾಯ್ದೆಯ 59ನೇ ಕಲಮು ಎಂಟು ದಶಕಗಳ ಹತ್ತಿರ ಹೇಳಿಕೊಂಡು ಬಂದದ್ದು ಇದು: ದಿನಕ್ಕೆ 9 ತಾಸು ಅಥವಾ ವಾರಕ್ಕೆ 48 ತಾಸು ದಾಟಿದ ಕೆಲಸಕ್ಕೆ ಸಾಮಾನ್ಯ ದರದ ಎರಡು ಪಟ್ಟು ಪಗಾರ. ದಿನದ ಲೆಕ್ಕ ಹಿಡಿದರೆ 9ರ ಮೇಲಿನ ಎರಡೆರಡು ತಾಸು ಸೇರಿ ವಾರಕ್ಕೆ 12 ತಾಸು. ವಾರದ ಲೆಕ್ಕ ಹಿಡಿದರೆ 66ರಲ್ಲಿ 48 ಕಳೆದು 18 ತಾಸು. ಎರಡರಲ್ಲಿ ಯಾವುದನ್ನು ಹಿಡಿಯಬೇಕು ಎಂಬ ಅನುಮಾನಕ್ಕೆ ಈಗ ಎಡೆಯೇ ಇಲ್ಲ. 2020ರ ಔದ್ಯೋಗಿಕ ಸುರಕ್ಷತೆ, ಆರೋಗ್ಯ ಮತ್ತು ಕೆಲಸದ ಸ್ಥಿತಿಗತಿಗಳ ಸಂಹಿತೆಯ 27ನೇ ಕಲಮು, ದಿನದ ಲೆಕ್ಕ ಮತ್ತು ವಾರದ ಲೆಕ್ಕಗಳಲ್ಲಿ ಕಾರ್ಮಿಕನಿಗೆ ಯಾವುದು ಹೆಚ್ಚು ಅನುಕೂಲವೋ ಅದನ್ನೇ ಹಿಡಿಯಬೇಕು ಎನ್ನುತ್ತದೆ. ಹಾಗಾದರೆ 18 ತಾಸಿಗೆ 125ರಂತೆ ವಾರಕ್ಕೆ 2,250 ರೂಪಾಯಿ. "ದಿನಕ್ಕೆ ಮ್ಯಾಲ ಒಂದು ನೂರು" ಎಂದರೆ ಅವನ ಕೈಗೆ ಬರುವುದು 600. ವಾರಕ್ಕೆ 1,650 ಖೋತಾ. ನಾಲ್ಕು ವಾರಕ್ಕೆ 6,600. ಅವನ ತಿಂಗಳ ಪಗಾರದ ಅರ್ಧಕ್ಕಿಂತ ಹೆಚ್ಚು ಹಣ, ಯಾರೂ ಕಳ್ಳತನ ಎನ್ನದ ರೀತಿಯಲ್ಲಿ, ಮಾಲಕನ ಗಲ್ಲೆಯಲ್ಲಿ ಉಳಿಯುತ್ತದೆ.

ಇದಕ್ಕಿಂತ ಜಾಣತನದ ಲೆಕ್ಕವೂ ಇದೆ. ಪಗಾರವನ್ನು 26ರ ಬದಲು 30ರಿಂದ ಭಾಗಿಸುತ್ತಾರೆ. ಬಂದದ್ದನ್ನು ಎಂಟರ ಬದಲು ಹನ್ನೆರಡರಿಂದ ಭಾಗಿಸುತ್ತಾರೆ. ಎರಡು ಪಟ್ಟಿನ ಬದಲು ಒಂದೇ ಪಟ್ಟು ಕೊಡುತ್ತಾರೆ. ಅದೇ 13,000ಕ್ಕೆ ತಾಸಿನ ದರ ಆಗ 36 ರೂಪಾಯಿ ಚಿಲ್ಲರೆ. ಬರಬೇಕಾದ 125ರ ಮೂರರಲ್ಲಿ ಒಂದು ಪಾಲೂ ಅಲ್ಲ. ಚೀಟಿಯ ಮೇಲೆ ಮಾತ್ರ "ಓಟಿ" ಎಂದು ಬರೆದಿರುತ್ತದೆ, ಆದ್ದರಿಂದ ಕೊಟ್ಟಂತೆಯೂ ಕಾಣುತ್ತದೆ. ಮೂವತ್ತರಿಂದ ಭಾಗಿಸುವುದೆಂದರೆ ಸೂಟಿಯ ದಿನವೂ ಅವನು ದುಡಿದ ಎಂದು ಲೆಕ್ಕ ಹಿಡಿದಂತೆ. ಗ್ರಾಚ್ಯುಟಿಯ ವಿಷಯದಲ್ಲಿ ಇದೇ ವಾದ ಸುಪ್ರೀಂ ಕೋರ್ಟಿನ ತನಕ ಹೋಗಿತ್ತು. 1980ರಲ್ಲಿ ಶ್ರೀ ದಿಗ್ವಿಜಯ ವುಲನ್ ಮಿಲ್ಸ್ ಪ್ರಕರಣದಲ್ಲಿ ತಿಂಗಳೆಂದರೆ 26 ದುಡಿಮೆಯ ದಿನ ಎಂಬ ಲೆಕ್ಕವನ್ನು ನ್ಯಾಯಾಲಯ ಎತ್ತಿಹಿಡಿಯಿತು. ನಲವತ್ತು ವರ್ಷ ಕಳೆದರೂ ಆ ಸರಳ ಸಂಗತಿ ನಮ್ಮ ದಿವಾನಜಿಗಳ ಮೇಜಿಗೆ ತಲುಪಿಲ್ಲ.

ಉಕ್ತೆಯ ಮೇಲೆ, ಎಂದರೆ ನಗದ ಲೆಕ್ಕದಲ್ಲಿ ದುಡಿಯುವವರಿಗೆ ಓಟಿ ಇಲ್ಲ ಎಂದೂ ಹೇಳುವುದುಂಟು. ಅದೂ ಸುಳ್ಳು. ಅದೇ 59ನೇ ಕಲಮು ಅಂಥವರ ದರವನ್ನು ಹೇಗೆ ಹಿಡಿಯಬೇಕೆಂದು ಸ್ಪಷ್ಟವಾಗಿ ಹೇಳಿತ್ತು. ಹಿಂದಿನ ತಿಂಗಳು ಅದೇ ಕೆಲಸದಲ್ಲಿ, ಓಟಿ ಬಿಟ್ಟು, ಅವನು ದಿನಕ್ಕೆ ಸರಾಸರಿ ಎಷ್ಟು ಗಳಿಸಿದನೋ ಅದೇ ಅವನ ದಿನದ ದರ. ಕಾಯ್ದೆ ಮಾಡಿದವರು ಇಷ್ಟು ದೂರ ಯೋಚಿಸಿದ್ದರು.

ಇಷ್ಟು ದೂರ ಅವರು ಯೋಚಿಸಲು ಹಿಂದೆ ಒಂದು ದೀರ್ಘ ಹೋರಾಟವಿತ್ತು. 1911ರ ಕಾರ್ಖಾನೆ ಕಾಯ್ದೆ ಜವಳಿ ಗಿರಣಿಯ ಗಂಡಾಳಿಗೆ ದಿನಕ್ಕೆ 12 ತಾಸಿನ ಮಿತಿ ಹಾಕಿತ್ತು. 1922ರಲ್ಲಿ ಅದು 11ಕ್ಕೆ ಇಳಿಯಿತು, ವಾರಕ್ಕೆ 60. 1934ರಲ್ಲಿ 10 ತಾಸು, ವಾರಕ್ಕೆ 54. 1942ರಲ್ಲಿ ವೈಸರಾಯ್ ಕಾರ್ಯಕಾರಿ ಮಂಡಳಿಯ ಕಾರ್ಮಿಕ ಸದಸ್ಯರಾದ ಡಾ. ಬಿ.ಆರ್. ಅಂಬೇಡ್ಕರ್ ಅವರ ಕಾಲದ ಪ್ರಯತ್ನಗಳ ಬೆನ್ನಿಗೆ 1946ರ ತಿದ್ದುಪಡಿ ಬಂದು ವಾರದ ಮಿತಿ 48ಕ್ಕೆ ಬಂತು. ಆದರೆ ಈ ಏಣಿಯ ಒಂದು ಮೆಟ್ಟಿಲನ್ನು ನಮ್ಮ ಸೀಮೆಯವರು ವಿಶೇಷವಾಗಿ ನೆನಪಿಡಬೇಕು. 1934ರ ಕಾಯ್ದೆಯಲ್ಲಿ ಹತ್ತಿ ಜಿನ್ನಿಂಗ್, ಹತ್ತಿ ಪ್ರೆಸ್ಸಿಂಗ್, ಶೇಂಗಾ ಒಡೆಯುವ ಗಿರಣಿಗಳನ್ನು ಹಂಗಾಮಿ ಕಾರ್ಖಾನೆಗಳೆಂದು ಬೇರೆ ಮಾಡಿ, ಅಲ್ಲಿನವರನ್ನು ದಿನಕ್ಕೆ 11 ತಾಸು, ವಾರಕ್ಕೆ 60 ತಾಸು ದುಡಿಸಬಹುದೆಂದು ಬಿಟ್ಟಿದ್ದರು. ಹತ್ತಿ, ಶೇಂಗಾ ಎಂದರೆ ನಮ್ಮದೇ ಬೆಳೆ. ಗದಗಿನ ಜಿನ್ನಿನ ಆಳು ಮುಂಬಯಿ ಗಿರಣಿಯ ಆಳಿಗಿಂತ ಕಡಿಮೆಯ ಮನುಷ್ಯ ಎಂದು ಕಾನೂನೇ ಬರೆದಿದ್ದ ಕಾಲ ಅದು. ಸ್ವಾತಂತ್ರ್ಯ ಬಂದ ಮರುವರ್ಷ ಬಂದ 1948ರ ಕಾಯ್ದೆ ಆ ಭೇದವನ್ನು ಕಿತ್ತುಹಾಕಿತು. ಹಂಗಾಮಿಯಾಗಲಿ ಕಾಯಮ್ಮಾಗಲಿ, ಎಲ್ಲರಿಗೂ ವಾರಕ್ಕೆ 48 ತಾಸು, ಮೇಲಿನದಕ್ಕೆ ದುಪ್ಪಟ್ಟು. ಇಂದು ಹತ್ತಿಯ ಹಂಗಾಮಿನಲ್ಲಿ "ಈಗ ಸೀಜನ್ ಐತಿ, ಹನ್ನೆರಡು ತಾಸು ಆಗೂದ" ಎನ್ನುವವರು ತಮಗೆ ಅರಿವಿಲ್ಲದೆ ಬ್ರಿಟಿಷರ 1934ಕ್ಕೂ ಹಿಂದೆ, 1911ಕ್ಕೆ ನಮ್ಮನ್ನು ಎಳೆದುಕೊಂಡು ಹೋಗುತ್ತಿದ್ದಾರೆ.

ಹಂಗಾಮಿ ಎಂಬ ಹಣೆಪಟ್ಟಿ ಆ ಆಳಿಗೆ ಇಂದಿಗೂ ಬೇರೆ ರೀತಿಯಲ್ಲಿ ಏಟು ಕೊಡುತ್ತದೆ. ಹಂಗಾಮಿ ಕಾರ್ಖಾನೆಗಳಿಗೆ ಇಎಸ್ಐ ಅನ್ವಯವಿಲ್ಲ. ಹತ್ತಿಯ ಧೂಳು ಕುಡಿದು ಎದೆ ಬಿಗಿದುಕೊಂಡರೆ, ರೋಲರಿಗೆ ಬೆರಳು ಸಿಕ್ಕರೆ, ಇಎಸ್ಐ ಆಸ್ಪತ್ರೆಯ ಬಾಗಿಲು ಅವನಿಗೆ ಇಲ್ಲ. ಹತ್ತಿ ಧೂಳಿನಿಂದ ಬರುವ ಬಿಸಿನೋಸಿಸ್ ಎಂಬ ಶ್ವಾಸಕೋಶದ ಕಾಯಿಲೆ ಕಸುಬಿನ ಕಾಯಿಲೆಯೆಂದು ಕಾನೂನಿನ ಪಟ್ಟಿಯಲ್ಲೇ ಇದೆ. ಧೂಳಿನಲ್ಲಿ ಹೆಚ್ಚು ಹೊತ್ತು ನಿಂತಷ್ಟೂ ಒಳಗೆ ಹೋಗುವ ಧೂಳು ಹೆಚ್ಚು. ಕಣ್ಣು ಎಳೆಯುವ ಹೊತ್ತಿನಲ್ಲೇ ಕೈ ಯಂತ್ರಕ್ಕೆ ಸಿಗುವುದು. ಹಾಗಿದ್ದಮೇಲೆ ಒಂಬತ್ತನೆಯ, ಹತ್ತನೆಯ, ಹನ್ನೊಂದನೆಯ ತಾಸು ಮೊದಲ ತಾಸಿನಷ್ಟೇ ಬೆಲೆಯದು ಎನ್ನುವುದು ಹೇಗೆ? ದಣಿದ ದೇಹದಿಂದ ತೆಗೆದ ತಾಸು ಅದು. ಮನೆಯಲ್ಲಿ ರೊಟ್ಟಿ ಬಡಿಯಲು, ಮಕ್ಕಳ ಮುಖ ನೋಡಲು ಉಳಿಯಬೇಕಾಗಿದ್ದ ಹೊತ್ತು ಅದು. ಜಿನ್ನಿನಲ್ಲಿ ಹತ್ತಿ ಆರಿಸುವ ಹೆಣ್ಣುಮಕ್ಕಳ ಪಾಲಿಗೆ ಆ ತಾಸು ಮನೆಯ ಎರಡನೆಯ ಪಾಳಿಯನ್ನು ನಡುರಾತ್ರಿಗೆ ನೂಕುತ್ತದೆ. ದುಪ್ಪಟ್ಟು ಎಂಬ ದರದಲ್ಲಿ ಇದೆಲ್ಲ ಸೇರಿದೆ.

"ಅವನೇ ಒಪ್ಪಿಕೊಂಡು ಬಂದಾನ, ನಾವೇನು ಕೈ ಹಿಡಿದು ಎಳಕೊಂಡು ಬಂದೇವೇನು?" ಎಂಬುದು ಎಲ್ಲಕ್ಕಿಂತ ಗಟ್ಟಿ ವಾದವೆಂದು ಮಾಲಕರು ನಂಬಿದ್ದಾರೆ. ಒಪ್ಪಿಗೆಯ ಮಾತಿಗೆ ಕಾನೂನು ಎಂದೋ ಉತ್ತರ ಕೊಟ್ಟಿದೆ. 1948ರ ಕನಿಷ್ಠ ವೇತನ ಕಾಯ್ದೆಯ 25ನೇ ಕಲಮಿನ ಪ್ರಕಾರ, ಆ ಕಾಯ್ದೆ ಕೊಟ್ಟ ಹಕ್ಕನ್ನು ಬಿಟ್ಟುಕೊಡುವ ಯಾವ ಕರಾರಿಗೂ ಬೆಲೆಯಿರಲಿಲ್ಲ. 2019ರ ವೇತನ ಸಂಹಿತೆಯೂ ಅದನ್ನೇ ಹೇಳುತ್ತದೆ. ಒಪ್ಪಿದ, ಸಹಿ ಹಾಕಿದ, ಹೆಬ್ಬೆಟ್ಟು ಒತ್ತಿದ, ಯಾವುದೂ ನಡೆಯುವುದಿಲ್ಲ. 1982ರಲ್ಲಿ ದಿಲ್ಲಿಯ ಏಷ್ಯನ್ ಕ್ರೀಡಾಕೂಟದ ಕಟ್ಟಡ ಕಾರ್ಮಿಕರ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಇನ್ನೂ ಮುಂದೆ ಹೋಯಿತು. ಕನಿಷ್ಠ ವೇತನಕ್ಕಿಂತ ಕಡಿಮೆಗೆ ದುಡಿಸುವುದು ಸಂವಿಧಾನದ 23ನೇ ವಿಧಿ ನಿಷೇಧಿಸಿದ ಬಲವಂತದ ದುಡಿಮೆಯೇ ಸರಿ, ಹೊಟ್ಟೆಯ ಬಲವಂತವೂ ಬಲವಂತವೇ ಎಂದು ನ್ಯಾಯಮೂರ್ತಿ ಪಿ.ಎನ್. ಭಗವತಿ ಅವರ ಪೀಠ ತೀರ್ಪು ಕೊಟ್ಟಿತು. ಉಚಲು ಪಡೆದು ಸಾಲದಲ್ಲಿರುವ, ಇಲ್ಲಿ ಬಿಟ್ಟರೆ ಗೋವಾಕ್ಕೋ ಮಂಗಳೂರಿಗೋ ಗಂಟು ಕಟ್ಟಬೇಕಾದ ಹುಡುಗನ "ಹೂಂ" ಎಂಬುದನ್ನು ಸ್ವತಂತ್ರ ಒಪ್ಪಿಗೆ ಎಂದು ಕರೆಯುವುದು ಮನಸ್ಸಾಕ್ಷಿಗೆ ಒಗ್ಗುವ ಮಾತಲ್ಲ.

"ಅವರಿಗೇ ಓಟಿ ಬೇಕು" ಎನ್ನುತ್ತಾರೆ. ಬೇಕು, ನಿಜ. ಎಂಟು ತಾಸಿನ ಪಗಾರದಲ್ಲಿ ಮನೆ ಬಾಡಿಗೆ, ಕಿರಾಣಿ, ಮಗಳ ಫೀ ಹೊಂದುವುದಿಲ್ಲ, ಅದಕ್ಕೆ ಬೇಕು. ಎಂಟು ತಾಸಿನ ದುಡಿಮೆ ಒಂದು ಸಂಸಾರವನ್ನು ಸಾಕುತ್ತಿಲ್ಲ ಎಂಬುದಕ್ಕೆ ಇದಕ್ಕಿಂತ ದೊಡ್ಡ ಸಾಕ್ಷಿ ಬೇಡ. ಆ ಬಡತನವನ್ನೇ ನೆಪ ಮಾಡಿಕೊಂಡು ಅರ್ಧ ದರಕ್ಕಿಂತ ಕಡಿಮೆಗೆ ದಿನಕ್ಕೆ ಮೂರು ತಾಸು ಕೊಳ್ಳುವುದು ಅವನಿಗೆ ಮಾಡಿದ ಉಪಕಾರ ಹೇಗಾಗುತ್ತದೆ? ಕಾನೂನಿನ ದರ ಕೊಟ್ಟರೆ ವಾರದ 600 ರೂಪಾಯಿ ಗಳಿಸಲು ಅವನಿಗೆ 18 ತಾಸು ಬೇಕಿಲ್ಲ, ಐದು ತಾಸು ಸಾಕು. ಉಳಿದ 13 ತಾಸು ಅವನವೇ.

"ಸಣ್ಣ ಉದ್ದಿಮೆ ಮುಳುಗತೈತಿ" ಎಂಬ ಹೆದರಿಕೆಯನ್ನು ನಾನು ಹಗುರವಾಗಿ ತಳ್ಳಿಹಾಕುವುದಿಲ್ಲ. ಸಣ್ಣ ಮಾಲಕನ ಕಷ್ಟ ನಿಜವಾದದ್ದೇ. ಆದರೆ ಅದೇ ಸಣ್ಣ ಮಾಲಕ ಹೆಸ್ಕಾಂ ಬಿಲ್ಲನ್ನು ಯುನಿಟ್ ಯುನಿಟ್ಟಿಗೆ ಎಣಿಸಿ ಕಟ್ಟುತ್ತಾನೆ. ಬ್ಯಾಂಕಿನ ಬಡ್ಡಿಯನ್ನು ದಿನ ದಿನಕ್ಕೆ ಲೆಕ್ಕ ಹಾಕಿ ಕೊಡುತ್ತಾನೆ. ಎಪಿಎಂಸಿಯಲ್ಲಿ ಹತ್ತಿಯ ತೂಕ ಕಿಲೋದಷ್ಟು ಆಚೀಚೆಯಾದರೂ ಬಿಡುವುದಿಲ್ಲ. ಗಿರಣಿಗೆ ಒಳಬರುವ ಪ್ರತಿಯೊಂದಕ್ಕೂ ಮೀಟರ್ ಇದೆ, ಮನುಷ್ಯನ ದುಡಿಮೆಗೆ ಮಾತ್ರ ಇಲ್ಲ. ಕರೆಂಟಿನ ದರ ಏರಿದಾಗ "ಉದ್ದಿಮೆ ಮುಳುಗತೈತಿ, ಅರ್ಧ ಬಿಲ್ಲು ಕೊಡ್ತೀನಿ" ಎಂದು ಅವನು ಹೆಸ್ಕಾಂ ಕಚೇರಿಗೆ ಹೋಗಿ ಹೇಳಲಾರ. ಫ್ಯೂಸು ಕೀಳುತ್ತಾರೆ ಎಂದು ಅವನಿಗೆ ಗೊತ್ತು. ಫ್ಯೂಸು ಕೀಳುವ ಶಕ್ತಿಯಿಲ್ಲದ ಒಬ್ಬನೇ ಒಬ್ಬ ಎಂದರೆ ಆಳು, ಆದ್ದರಿಂದ ನಷ್ಟವನ್ನೆಲ್ಲ ಅವನ ಮೇಲೆ ಇಳಿಸುವುದು. ಒಂದು ಉದ್ದಿಮೆ ಬದುಕಬೇಕಾದರೆ ಇನ್ನೊಬ್ಬನ ಪಗಾರ ಕದಿಯಲೇಬೇಕು ಎಂದಾದರೆ ಆ ಉದ್ದಿಮೆಯ ಲೆಕ್ಕದಲ್ಲೇ ದೋಷವಿದೆ.

ಇಲ್ಲಿಯೇ ಕೆಲಸ ತಪ್ಪಿಸಿಕೊಳ್ಳುವ ಆ ಇನ್ನೊಬ್ಬನ ಮಾತು ಬರುತ್ತದೆ. ದಿನದ 24 ತಾಸೂ ನಡೆಯುವ ಒಂದು ಯಂತ್ರವನ್ನು ತೆಗೆದುಕೊಳ್ಳಿ. ಎಂಟೆಂಟು ತಾಸಿಗೆ ಮೂವರನ್ನು ಇಡಬಹುದು, ಹನ್ನೆರಡು ಹನ್ನೆರಡು ತಾಸಿಗೆ ಇಬ್ಬರನ್ನು ಇಡಬಹುದು. ಮೂವರನ್ನಿಟ್ಟರೆ 500ರಂತೆ ದಿನಕ್ಕೆ 1,500. ಇಬ್ಬರನ್ನಿಟ್ಟು ಕಾನೂನಿನಂತೆ ಕೊಟ್ಟರೆ ಒಬ್ಬೊಬ್ಬನಿಗೆ ಎಂಟು ತಾಸಿನ 500, ಮೇಲಿನ ನಾಲ್ಕು ತಾಸಿನ ದುಪ್ಪಟ್ಟು 500, ಒಟ್ಟು ಇಬ್ಬರಿಗೆ 2,000. ಕಾನೂನು ಪಾಲಿಸಿದರೆ ಮೂರನೆಯವನನ್ನು ಕರೆಯುವುದೇ ಮಾಲಕನಿಗೆ ಅಗ್ಗ. ದುಪ್ಪಟ್ಟು ದರವನ್ನು ಇಟ್ಟದ್ದು ಈ ಕಾರಣಕ್ಕೆ. ಆದರೆ "ಮ್ಯಾಲ ಒಂದು ನೂರು" ಪದ್ಧತಿಯಲ್ಲಿ ಇಬ್ಬರಿಗೆ 1,200 ಕೊಟ್ಟರೆ ಮುಗಿಯಿತು. ಮಾಲಕನಿಗೆ ದಿನಕ್ಕೆ 300 ಉಳಿಯಿತು, ಊರಿನ ಒಬ್ಬ ಹುಡುಗನಿಗೆ ಕೆಲಸ ತಪ್ಪಿತು. ಅಮೆರಿಕದಲ್ಲಿ ವಾರಕ್ಕೆ 40 ತಾಸು ದಾಟಿದರೆ ಒಂದೂವರೆ ಪಟ್ಟು ಕೊಡಬೇಕೆಂಬ 1938ರ ಕಾಯ್ದೆಯ ಅರ್ಥ ಬಿಡಿಸುವಾಗ ಅಲ್ಲಿನ ಸುಪ್ರೀಂ ಕೋರ್ಟು 1942ರಲ್ಲಿ ಹೇಳಿದ್ದೂ ಇದೇ: ಹೆಚ್ಚಿನ ದರದ ಒತ್ತಡವಿದ್ದರೆ ಕೆಲಸ ಹೆಚ್ಚು ಜನಕ್ಕೆ ಹಂಚಿಹೋಗುತ್ತದೆ. ನಮ್ಮ ಹಳ್ಳಿಗಳ ಪದವಿ ಮುಗಿಸಿದ ಹುಡುಗರು ಕೆಲಸವಿಲ್ಲದೆ ಬಸ್‌ಸ್ಟ್ಯಾಂಡಿನಲ್ಲಿ ಕೂರುವುದನ್ನು ಕಂಡು ಮರುಗುವ ಹಿರಿಯರು, ಓಟಿಯ ಲೆಕ್ಕ ಕೇಳಬೇಡ ಎಂದು ಬುದ್ಧಿ ಹೇಳುವಾಗ, ಆ ಹುಡುಗರ ಕೆಲಸವನ್ನೇ ಬಿಟ್ಟುಕೊಡುತ್ತಿದ್ದಾರೆ.

"ಹೊಲದಾಗ ತಾಸು ಎಣಿಸ್ತೀವೇನು?" ಎಂದು ಕೇಳುವವರು ಹೊಲವನ್ನು ಸರಿಯಾಗಿ ನೋಡಿಲ್ಲ. ತನ್ನ ಹೊಲದಲ್ಲಿ ದುಡಿಯುವ ರೈತ ಕತ್ತಲಾದರೂ ದುಡಿಯುತ್ತಾನೆ, ಏಕೆಂದರೆ ಬೆಳೆ ಅವನದು. ಕೂಲಿಗೆ ಹೋದ ಹೆಣ್ಣುಮಕ್ಕಳನ್ನು ನೋಡಿ. ಕಳೆ ತೆಗೆಯುವ ತಂಡ ಹೊತ್ತು ನೋಡಿ ಕುರ್ಚಗಿ ಕೆಳಗಿಡುತ್ತದೆ. ಮಧ್ಯಾಹ್ನಕ್ಕೆ ಬಿಟ್ಟರೆ ಅರ್ಧ ಕೂಲಿ, ಹತ್ತಿ ಬಿಡಿಸಿದರೆ ಕಿಲೋ ಲೆಕ್ಕ. ಯಾರ ಹೊಲದಲ್ಲಿ ಎಷ್ಟು ಹೊತ್ತು, ಎಷ್ಟು ಕೂಲಿ ಎಂಬುದು ಅವರಿಗೆ ಬಾಯಿಪಾಠ. ಕನಿಷ್ಠ ವೇತನದ 1950ರ ಕೇಂದ್ರ ನಿಯಮಗಳು ಕೃಷಿ ಕೂಲಿಗೂ ಓಟಿ ಇಟ್ಟಿದ್ದವು, ಒಂದೂವರೆ ಪಟ್ಟು. ಉಳಿದ ಕೆಲಸಗಳಿಗೆ ಎರಡು ಪಟ್ಟು.

ಇನ್ನು ಕಾಯಕದ ಮಾತು. ಶರಣರ ನಾಡಿನಲ್ಲಿ, ತೋಂಟದಾರ್ಯ ಮಠದ ಊರಿನಲ್ಲಿ, ಗಡಿಯಾರ ನೋಡುತ್ತ ದುಡಿಯುವುದು ಕಾಯಕಕ್ಕೆ ಅಪಮಾನ ಎಂಬ ಉಪದೇಶ ಸುಲಭವಾಗಿ ಬರುತ್ತದೆ. ಆಯ್ದಕ್ಕಿ ಲಕ್ಕಮ್ಮನ ಕಥೆ ನಮ್ಮಲ್ಲಿ ಯಾರಿಗೆ ಗೊತ್ತಿಲ್ಲ? ಗಂಡ ಮಾರಯ್ಯ ಅಂದಿನ ಅಗತ್ಯಕ್ಕಿಂತ ಹೆಚ್ಚು ಅಕ್ಕಿ ಆಯ್ದು ತಂದಾಗ, ಹೆಚ್ಚಿನದನ್ನು ಹಿಂದಿರುಗಿಸಿ ಬಾ ಎಂದವಳು ಆಕೆ. ತನಗೆ ಸಲ್ಲದ್ದನ್ನು ಮನೆಗೆ ತರಬಾರದು ಎಂಬುದು ಕಾಯಕದ ಮೊದಲ ಶರತ್ತು. ಆ ಶರತ್ತನ್ನು ಆಳಿಗೆ ಹೇಳುವ ಮೊದಲು ಗಿರಣಿಯ ಗಲ್ಲೆಗೆ ಹೇಳಬೇಕು. ಪಗಾರ ಕೊಡದೆ ಇಟ್ಟುಕೊಂಡ 18 ತಾಸು ಮಾಲಕನಿಗೆ ಸಲ್ಲದ ಅಕ್ಕಿ. ಅದನ್ನು ಹಿಂದಿರುಗಿಸದೆ ಕಾಯಕದ ಹೆಸರು ಹೇಳುವ ಅಧಿಕಾರ ಯಾರಿಗೂ ಇಲ್ಲ.

ಈ ತಪ್ಪು ತಿಳುವಳಿಕೆಗೆ ಮೇಲಿನಿಂದ ಬಲ ಕೊಡುವವರೂ ಇದ್ದಾರೆ. 2023ರ ಅಕ್ಟೋಬರಿನಲ್ಲಿ ಇನ್ಫೋಸಿಸ್‌ನ ಎನ್.ಆರ್. ನಾರಾಯಣಮೂರ್ತಿ ಅವರು ದೇಶದ ಯುವಕರು ವಾರಕ್ಕೆ 70 ತಾಸು ದುಡಿಯಬೇಕೆಂದರು. 2025ರ ಜನವರಿಯಲ್ಲಿ ಎಲ್ ಅಂಡ್ ಟಿ ಅಧ್ಯಕ್ಷ ಎಸ್.ಎನ್. ಸುಬ್ರಹ್ಮಣ್ಯನ್ ಅವರ 90 ತಾಸಿನ ಮಾತು ಹೊರಬಂತು. ಕಂಪನಿ ಕಟ್ಟಿ ಅದರ ಷೇರು ಹೊಂದಿದವರ ದುಡಿಮೆಯನ್ನೂ ಪಗಾರದ ಆಳಿನ ದುಡಿಮೆಯನ್ನೂ ಒಂದೇ ತಕ್ಕಡಿಯಲ್ಲಿ ತೂಗುವುದು ನ್ಯಾಯವಲ್ಲ. ಜಿನ್ನಿನ ಹುಡುಗ ಆಗಲೇ 66 ತಾಸು ದುಡಿಯುತ್ತಿದ್ದಾನೆ. ಅವನಿಗೆ ಬೇಕಾದದ್ದು ದುಡಿಮೆಯ ಉಪದೇಶವಲ್ಲ, ದುಡಿದದ್ದರ ಪಗಾರ.

ಸರ್ಕಾರಗಳೂ ಇದೇ ಹಾದಿ ಹಿಡಿದಿವೆ. 2020ರಲ್ಲಿ ಕೊರೊನಾದ ಹೆಸರಲ್ಲಿ ಗುಜರಾತ್ ಸರ್ಕಾರ 12 ತಾಸಿನ ದಿನ ಮಾಡಿ, ಮೇಲಿನ ತಾಸಿಗೆ ದುಪ್ಪಟ್ಟು ಬೇಡ ಎಂದಿತು. ಅದೇ ವರ್ಷದ ಮೇ 22ರಂದು ನಮ್ಮ ರಾಜ್ಯ ದಿನಕ್ಕೆ 10, ವಾರಕ್ಕೆ 60 ತಾಸಿನ ಆದೇಶ ಹೊರಡಿಸಿ, ಹೈಕೋರ್ಟಿನಲ್ಲಿ ಪ್ರಶ್ನೆ ಎದ್ದ ಮೇಲೆ ಜೂನ್ 11ರಂದು ಹಿಂತೆಗೆದುಕೊಂಡಿತು. ಗುಜರಾತಿನ ಆದೇಶವನ್ನು ಸುಪ್ರೀಂ ಕೋರ್ಟು ಅಕ್ಟೋಬರ್ 1ರಂದು ರದ್ದು ಮಾಡಿ, ಆ ಅವಧಿಯಲ್ಲಿ ದುಡಿದವರಿಗೆ ಓಟಿ ಕೊಡಿ ಎಂದು ಹೇಳಿತು. ಮಹಾಮಾರಿಯ ಕಾಲದಲ್ಲೂ ದುಪ್ಪಟ್ಟನ್ನು ಕಸಿಯಲಾಗದು ಎಂದಮೇಲೆ ಹತ್ತಿಯ ಸೀಜನ್ನು ಯಾವ ಲೆಕ್ಕ? ಆದರೂ 2023ರಲ್ಲಿ ಕರ್ನಾಟಕದ ತಿದ್ದುಪಡಿ ದಿನಕ್ಕೆ 12 ತಾಸಿನವರೆಗೆ ದಾರಿ ತೆರೆದು, ಮೂರು ತಿಂಗಳ ಓಟಿಯ ಮಿತಿಯನ್ನು 75ರಿಂದ 145 ತಾಸಿಗೆ ಏರಿಸಿತು. ಮೇಲಿನ ನಮ್ಮ ಲೆಕ್ಕದ ಆಳು ವಾರಕ್ಕೆ 18ರಂತೆ ಎಂಟೇ ವಾರಕ್ಕೆ ಆ ಏರಿಸಿದ ಮಿತಿಯ ಅಂಚಿಗೂ ಬಂದು ನಿಲ್ಲುತ್ತಾನೆ. ಮಿತಿ ಏರಿಸಿದವರು ದರ ಕೊಡಿಸಲು ಮಾತ್ರ ಬರಲಿಲ್ಲ.

2025ರ ನವೆಂಬರ್ 21ರಿಂದ ಹೊಸ ಕಾರ್ಮಿಕ ಸಂಹಿತೆಗಳು ಜಾರಿಗೆ ಬಂದಿವೆ. ಅವುಗಳಲ್ಲಿ ವಿರೋಧಿಸಬೇಕಾದದ್ದು ಬಹಳ ಇದೆ. ವಿದ್ಯುತ್ ಬಳಸುವ ಘಟಕ ಹತ್ತು ಜನರಿದ್ದರೆ ಕಾರ್ಖಾನೆ ಎನಿಸುತ್ತಿದ್ದುದು ಈಗ ಇಪ್ಪತ್ತಕ್ಕೆ ಏರಿದೆ. ನಮ್ಮ ಸಣ್ಣ ಪ್ರೆಸ್ಸು, ಲೂಮುಗಳಲ್ಲಿ ದುಡಿಯುವ ಅನೇಕರಿಗೆ ಇದು ದೊಡ್ಡ ಹೊಡೆತ. ಹಿಂದೆ ಓಟಿಯ ದರಕ್ಕೆ ಭತ್ಯೆಗಳೂ ಸೇರುತ್ತಿದ್ದವು. ಹೊಸ ವ್ಯಾಖ್ಯೆಯಲ್ಲಿ ಮನೆ ಬಾಡಿಗೆ ಭತ್ಯೆಯಂಥವು ಸಾಮಾನ್ಯವಾಗಿ ಹೊರಗೆ. ಇವನ್ನು ಖಂಡಿಸುತ್ತಲೇ ಕೈಗೆ ಸಿಕ್ಕ ಅಸ್ತ್ರಗಳನ್ನು ಬಿಡಬಾರದು. ಕನಿಷ್ಠ ವೇತನ ನಿಗದಿಯಾದ ಕೆಲಸದಲ್ಲಿ ದಿನದ ಅವಧಿ ದಾಟಿದ ಪ್ರತಿ ತಾಸಿಗೆ, ತಾಸಿನ ಭಾಗಕ್ಕೂ, ದುಪ್ಪಟ್ಟಿಗೆ ಕಡಿಮೆಯಾಗದಂತೆ ಕೊಡಬೇಕು ಎಂದು ವೇತನ ಸಂಹಿತೆಯ 14ನೇ ಕಲಮು ಹೇಳುತ್ತದೆ. ಕಾರ್ಮಿಕನ ಒಪ್ಪಿಗೆಯಿಲ್ಲದೆ ಓಟಿ ಮಾಡಿಸುವಂತಿಲ್ಲ. ಬಾಕಿ ಕೇಳಲು ಹಿಂದೆ ಆರು ತಿಂಗಳೋ ವರ್ಷವೋ ಇದ್ದ ಗಡುವು ಈಗ ಮೂರು ವರ್ಷ. ಪಗಾರ ಕೊಟ್ಟಿದ್ದೇನೆ ಎಂದು ಸಾಬೀತು ಮಾಡುವ ಹೊಣೆಯೂ ಮಾಲಕನದೇ.

ಹಾಗಾದರೆ ಆಗಬೇಕಾದದ್ದೇನು? ಹಾಜರಿ ಪುಸ್ತಕದ ಪ್ರತಿ ಮನೆಯಲ್ಲಿ ಬಂದ ಹೊತ್ತು, ಹೋದ ಹೊತ್ತು ಬರೆಯಬೇಕು. ಬಟವಡೆಯ ಚೀಟಿಯಲ್ಲಿ ಓಟಿಯ ತಾಸು, ತಾಸಿನ ದರ, ಒಟ್ಟು ಹಣ ಕನ್ನಡದಲ್ಲಿ ಬೇರೆಯಾಗಿ ಕಾಣಬೇಕು. ಇಪ್ಪತ್ತಾರರಿಂದ ಭಾಗಿಸು, ಎಂಟರಿಂದ ಭಾಗಿಸು, ಎರಡರಿಂದ ಗುಣಿಸು ಎಂಬ ಸೂತ್ರವನ್ನು ಪ್ರತಿ ಗಿರಣಿಯ ಬಾಗಿಲಲ್ಲಿ ಬರೆಸಬೇಕು. ಹತ್ತಿಯ ಹಂಗಾಮಿನಲ್ಲಿ, ರಾತ್ರಿ ಪಾಳಿಯ ಹೊತ್ತಿಗೆ, ಕಾರ್ಮಿಕ ಇಲಾಖೆಯವರೂ ಕಾರ್ಖಾನೆ ಇಲಾಖೆಯವರೂ ಬಂದು ನೋಡಬೇಕು. ಇಲಾಖೆಗಾಗಿ ಕಾಯದೆ ಆಳುಗಳು ತಾವೇ ಒಂದು ಸಣ್ಣ ನೋಟುಬುಕ್ಕಿನಲ್ಲಿ ದಿನವೂ ಬಂದ ಹೊತ್ತು, ಹೋದ ಹೊತ್ತು ಬರೆದಿಡಬೇಕು, ಪಕ್ಕದವನ ಸಹಿ ಹಾಕಿಸಬೇಕು. ಒಬ್ಬೊಬ್ಬರೇ ಹೋಗದೆ ಗುಂಪಾಗಿ ಹೋಗಿ ಕೇಳಬೇಕು.

ಲೆಕ್ಕ ಕೇಳುವುದು ಈ ನೆಲಕ್ಕೆ ಹೊಸತಲ್ಲ. ಗದಗ ತಾಲೂಕಿನ ಕಣಗಿನಹಾಳದಲ್ಲಿ 1905ರಲ್ಲಿ ಸಿದ್ದನಗೌಡ ಸಣ್ಣರಾಮನಗೌಡ ಪಾಟೀಲರು ರೈತರನ್ನು ಕೂಡಿಸಿ ಸಹಕಾರಿ ಪತ್ತಿನ ಸಂಘ ಕಟ್ಟಿದಾಗ, ಬಡ್ಡಿಯ ಲೆಕ್ಕ ಸಾವುಕಾರನ ಬಾಯಿಮಾತಿನಲ್ಲಿ ಇರಬಾರದು, ಎಲ್ಲರೂ ನೋಡುವ ಪುಸ್ತಕದಲ್ಲಿ ಇರಬೇಕು ಎಂಬ ಹಟ ಅದರ ಹಿಂದೆ ಇತ್ತು. ಆಗಲೂ "ಸಾವುಕಾರ್ರ ಲೆಕ್ಕ ಕೇಳಬಾರ್ದು" ಎಂದವರು ಇದ್ದೇ ಇರುತ್ತಾರೆ. ರೈತರು ಕೇಳಿದರು, ನಾಡು ಕೆಡಲಿಲ್ಲ, ಉಳಿಯಿತು. ತಾಸಿನ ಲೆಕ್ಕವನ್ನೂ ಹಾಗೆಯೇ ಕೇಳಬೇಕು, ಕೇಳುವವನನ್ನು ಊರು ಬೆಂಬಲಿಸಬೇಕು. "ಬಿಡೋ ತಮ್ಮಾ" ಎನ್ನುವುದನ್ನು ಹಿರಿಯರು ಇನ್ನಾದರೂ ನಿಲ್ಲಿಸಲಿ. ದುಡಿದ ತಾಸನ್ನು ಕೇಳುವ ಹುಡುಗ ಮೈಗಳ್ಳನಲ್ಲ, ಮಾಲಕನ ವೈರಿಯೂ ಅಲ್ಲ. ತನ್ನ ಬಾಕಿಯನ್ನೂ ಊರಿನ ಇನ್ನೊಬ್ಬನ ಕೆಲಸವನ್ನೂ ಒಟ್ಟಿಗೆ ಕೇಳುತ್ತಿರುವವನು ಅವನು. ಕೊಡಲೇಬೇಕು.